ಬೀಳದ ಹೆಂಡತಿ

ನನ್ನ ಗಂಡ ರಾದೆಕ್ ಗೊರಕೆ ಹೊಡೆಯುವುದಿಲ್ಲ. ಮಲಗಿದನೆಂದರೆ ಉಸಿರಾಡುತ್ತಿದ್ದಾನೋ ಇಲ್ಲವೋ ಎಂದು ನಾನೇ ಎದ್ದು ನೋಡಬೇಕು, ಅಂಥ ನಿದ್ದೆ ಅವನದು. ಆದರೆ ಜಪಾನಿನಿಂದ ಪೋರ್ಚುಗಲ್‌ವರೆಗೆ ಅದೆಷ್ಟೋ ಜನ, ತೊರುನ್ ಊರಿನ ಗೈಡ್ ಇರ್ಮಿನಾಳ ಗಂಡ ಗೊರಕೆ ಶುರು ಮಾಡಿದರೆ ಕಿಟಕಿಯ ಗಾಜು ಅದುರುತ್ತದೆ ಎಂದು ನಂಬಿಕೊಂಡು ತಮ್ಮ ಊರಿಗೆ ಹೋಗಿದ್ದಾರೆ. ನಂಬಿಸಿದವಳು ನಾನೇ. ಇದು ಕಿವಿಗೆ ಬಿದ್ದ ದಿನ ರಾದೆಕ್ ನನ್ನ ಜೊತೆ ಮಾತು ಬಿಟ್ಟಿದ್ದ.

ಅದು ನಾನು ಹುಟ್ಟಿಸಿದ ತಮಾಷೆಯಲ್ಲ. ನಮ್ಮ ಕೆಲಸದಲ್ಲಿ ಸ್ವಂತದ್ದು ಅನ್ನುವುದು ಕಡಿಮೆ. ಪರೀಕ್ಷೆ ಪಾಸು ಮಾಡಿದ ಮಾತ್ರಕ್ಕೆ ಯಾರೂ ಗೈಡ್ ಆಗಿಬಿಡುವುದಿಲ್ಲ, ಹಳಬರೊಬ್ಬರ ಬೆನ್ನ ಹಿಂದೆ ಒಂದೆರಡು ಬೇಸಿಗೆ ನಡೆಯಬೇಕು. ಎಲ್ಲಿ ನಿಂತರೆ ಜನರ ಕಣ್ಣಿಗೆ ಬಿಸಿಲು ಹೊಡೆಯುವುದಿಲ್ಲ, ಯಾವ ಮಾತಿಗೆ ನಗುತ್ತಾರೆ, ನಕ್ಕ ಮೇಲೆ ಎಷ್ಟು ಹೊತ್ತು ಸುಮ್ಮನಿರಬೇಕು, ಇದೆಲ್ಲ ಅವರಿಂದಲೇ ಬರಬೇಕು. ಅವರಿಗೆ ಮಂಡಿನೋವು ಬಂದು ನಡೆಯಲಾಗದ ದಿನ ಆ ಇಡೀ ಟೂರನ್ನೇ ನಿಮಗೆ ಬಿಟ್ಟುಕೊಡುತ್ತಾರೆ, ಅಜ್ಜಿ ತನ್ನ ಉಪ್ಪಿನಕಾಯಿಯ ಹದವನ್ನು ಮೊಮ್ಮಗಳಿಗೆ ಹೇಳಿಕೊಟ್ಟ ಹಾಗೆ.

ನಾನು ನಡೆದದ್ದು ಜೆನೋನ್ ಅವರ ಹಿಂದೆ. ಉದ್ದ ಮನುಷ್ಯ, ಕೈಯಲ್ಲಿ ಯಾವಾಗಲೂ ಹಸಿರು ಛತ್ರಿ. ಅವರ ಟೂರಿನ ತುಂಬ 'ನನ್ನ ಹೆಂಡತಿ' ಇದ್ದಳು. ತಿರುವಿಗೊಂದು ತಮಾಷೆ, ಎಲ್ಲ ಆಕೆಯ ಮೇಲೆಯೇ. ಟೂರು ನನ್ನ ಕೈಗೆ ಬಂದಾಗ ನಾನು ಹೆಂಡತಿಯನ್ನು ಎಲ್ಲಿಂದ ತರಲಿ? ಎಲ್ಲ ಕಡೆ 'ನನ್ನ ಗಂಡ' ಎಂದು ತಿದ್ದಿಕೊಂಡೆ. ಜನ ಅಷ್ಟೇ ನಕ್ಕರು. ರಾದೆಕ್‌ನ ಮಾನ ಹೋಯಿತು, ನನ್ನ ಹೊಟ್ಟೆಪಾಡು ನಡೆಯಿತು.

ಜೆನೋನ್ ಮಾರ್ಚ್‌ನಲ್ಲಿ ತೀರಿಕೊಂಡರು. ನವೆಂಬರಿನ ಒಂದು ದಿನ, ಊರಲ್ಲಿ ಒಬ್ಬ ಪ್ರವಾಸಿಯೂ ಇಲ್ಲದೆ ನಾನು ಮನೆಯಲ್ಲಿ ಕಾಲುಚೀಲ ಹೊಲಿಯುತ್ತಿದ್ದಾಗ ಫೋನ್ ಬಂತು. ಮಾಡಿದವರು ಅವರ ಹೆಂಡತಿ ತೆಕ್ಲಾ.

"ನಾಳೆ ಒಂದು ಟೂರು ಬೇಕು. ಬರೋಳು ನಾನೊಬ್ಬಳೇ," ಅಂದರು.

"ಪಾನಿ ತೆಕ್ಲಾ, ನೀವು ಇದೇ ಊರಲ್ಲಿ ಹುಟ್ಟಿ ಬೆಳೆದೋರು. ನಿಮಗೆ ನಾನೇನು ತೋರಿಸ್ಲಿ?" ಅಂದೆ. ಹಿರಿಯ ಹೆಂಗಸರನ್ನು ನಾವು ಕರೆಯುವುದು 'ಪಾನಿ' ಅಂತ, ಅಮ್ಮನವರೇ ಅಂದ ಹಾಗೆ.

"ತೋರಿಸ್ಬೇಡ ಮಗು. ಹೇಳು. ಅವರು ಹೇಗೆ ಹೇಳ್ತಿದ್ರೋ ಹಾಗೇ ಹೇಳು. ಒಂದು ಮಾತೂ ನುಂಗಬಾರದು."

ನನ್ನ ಕೈಯಲ್ಲಿದ್ದ ಸೂಜಿ ಬೆರಳಿಗೆ ಚುಚ್ಚಿತು. ಜೆನೋನ್ ಒಂದು ದಿನವೂ ಹೆಂಡತಿಯನ್ನು ಟೂರಿಗೆ ಕರೆತಂದವರಲ್ಲ. ಯಾಕೆ ಎಂದು ನಾನು ಕೇಳಿದ್ದಕ್ಕೆ, "ಅವಳು ಎದುರಿಗೆ ನಿಂತ್ರೆ ನನ್ನ ಬಾಯಿಂದ ಸತ್ಯಾನೇ ಬರುತ್ತೆ, ಆಮೇಲೆ ಯಾರು ನಗ್ತಾರೆ?" ಅಂದಿದ್ದರು. ಆಗ ನನಗೆ ಅದೂ ತಮಾಷೆಯಾಗಿಯೇ ಕಂಡಿತ್ತು.

ಮರುದಿನ ಬೆಳಿಗ್ಗೆ ಟೌನ್ ಹಾಲ್ ಮುಂದೆ, ಸೂರ್ಯನಲ್ಲ, ಭೂಮಿಯೇ ತಿರುಗುವುದು ಎಂದ ಖಗೋಳ ವಿಜ್ಞಾನಿಯ ಪ್ರತಿಮೆಯ ಕೆಳಗೆ ತೆಕ್ಲಾ ಬಂದು ನಿಂತಿದ್ದರು. ಸಣ್ಣ ಆಳು, ನೆಟ್ಟಗಿನ ಬೆನ್ನು, ಕತ್ತಿನವರೆಗೆ ಗುಂಡಿ ಹಾಕಿದ ಬೂದು ಕೋಟು. ತೆಕ್ಲಾ ಜೀವನವಿಡೀ ಈ ಚೌಕದ ಮೂಲೆಯ ಔಷಧಿ ಅಂಗಡಿಯಲ್ಲಿ ಕೆಲಸ ಮಾಡಿದವರು. ಊರಿನ ಅರ್ಧ ಜನರ ಮೂಲವ್ಯಾಧಿ, ಗ್ಯಾಸು, ನಿದ್ದೆಗೇಡು ಎಲ್ಲ ಅವರಿಗೆ ಗೊತ್ತು, ಒಂದೂ ಅವರ ಬಾಯಿಂದ ಹೊರಗೆ ಬಿದ್ದಿಲ್ಲ. ಮಾತನ್ನೂ ಔಷಧಿಯಂತೆ ತೂಗಿಯೇ ಕೊಡುವ ಹೆಂಗಸು.

"ಶುರು ಮಾಡೋ ಮುಂಚೆ ನಾನು ಯಾಕೆ ಬಂದಿದೀನಿ ಅಂತ ಹೇಳಿಬಿಡ್ತೀನಿ," ಅಂದರು. "ಅವರನ್ನ ಮಣ್ಣು ಮಾಡಿದ ದಿನ ಊಟಕ್ಕೆ ಕೂತಿದ್ವಲ್ಲ, ನಿಮ್ಮ ಗೈಡ್‌ಗಳಲ್ಲಿ ಒಬ್ಬ, ಎರಡು ಗ್ಲಾಸ್ ವೋದ್ಕಾ ಒಳಗೆ ಹೋಗಿತ್ತು, ನನ್ನ ಕೈ ಹಿಡ್ಕೊಂಡು, 'ಓ, ಗೋಪುರದ ಹತ್ರ ಬೀಳದೇ ನಿಂತೋರು ನೀವೇನಾ' ಅಂದ. ಮೇಜಿನ ಸುತ್ತ ಎಲ್ಲ ನಕ್ರು. ಆಮೇಲೆ ನನ್ನ ಮುಖ ನೋಡಿ ಗಪ್‌ಚುಪ್ ಆದ್ರು."

ನನಗೂ ಆ ಕ್ಷಣ ನೆನಪಿತ್ತು. ನಕ್ಕವರಲ್ಲಿ ನಾನೂ ಒಬ್ಬಳು.

"ಮಗು, ನಾನು ಆ ಓರೆಗೋಪುರದ ಹತ್ರ ಯಾವತ್ತೂ ನಿಂತಿಲ್ಲ," ಅಂದರು ತೆಕ್ಲಾ. "ಹಾಗಾದ್ರೆ ನಿಂತೋಳು ಯಾರು? ಬೇಸಿಗೆಯೆಲ್ಲ ತಲೇಲಿ ಇದೇ ಸುತ್ತುತಾ ಇದೆ. ನನಗೆ ಗೊತ್ತಾಗ್ಬೇಕು."

ಆ ಗೋಪುರದ ಆಟ ನಮ್ಮೂರಿನ ಮಕ್ಕಳಿಗೂ ಗೊತ್ತು. ಹಿಮ್ಮಡಿಯನ್ನೂ ಬೆನ್ನನ್ನೂ ಗೋಡೆಗೆ ಒತ್ತಿ, ಎರಡೂ ಕೈ ಮುಂದೆ ಚಾಚಿ ನಿಲ್ಲಬೇಕು. ಪಾಪ ಮಾಡದವರು ನಿಲ್ಲುತ್ತಾರಂತೆ, ಪಾಪಿಗಳು ಮುಗ್ಗರಿಸುತ್ತಾರಂತೆ. ಗೋಡೆಯೇ ಮುಂದಕ್ಕೆ ವಾಲಿರುವಾಗ ಪಾದ್ರಿಯೂ ಮುಗ್ಗರಿಸುತ್ತಾರೆ ಅನ್ನುವುದು ಬೇರೆ ಮಾತು. ಅಲ್ಲಿ ಬೀಳದೆ ನಿಂತ ಒಬ್ಬಳೇ ಒಬ್ಬಳು ಎಂದರೆ ತನ್ನ ಹೆಂಡತಿ ಎಂದು ಜೆನೋನ್ ಸಾವಿರ ಸಲ ಹೇಳಿದ್ದನ್ನು ನಾನು ಕೇಳಿದ್ದೆ. ಸುಳ್ಳಿರಬಹುದು ಅನ್ನುವ ಅನುಮಾನವೇ ನನಗೆ ಬಂದಿರಲಿಲ್ಲ. ಬೇರೊಬ್ಬ ಹೆಂಗಸಿನ ಯೋಚನೆಯಂತೂ ಕನಸಲ್ಲೂ ಬಂದಿರಲಿಲ್ಲ. ಈಗ ಬಂತು, ಬಂದದ್ದಕ್ಕೆ ನನ್ನ ಮೇಲೆ ನನಗೇ ಸಿಟ್ಟು ಬಂತು.

"ಗೋಪುರ ಕೊನೇಲಿ ಬರುತ್ತೆ," ಅಂದೆ.

"ಕ್ರಮವಾಗೇ ಹೋಗೋಣ. ನನಗೆ ಆತುರ ಇಲ್ಲ."

ಛತ್ರಿ ಎತ್ತಿದೆ. ಜೆನೋನ್ ಅವರದೇ ಹಸಿರು ಛತ್ರಿ, ಟೂರಿನ ಜೊತೆಗೆ ಬಂದದ್ದು. ತೆಕ್ಲಾ ಅದರ ಹಿಡಿಯನ್ನೊಮ್ಮೆ ಮುಟ್ಟಿ ನೋಡಿದರು. ನಾನು ಪ್ರತಿಮೆ ತೋರಿಸಿ ಅಭ್ಯಾಸಬಲದಿಂದ ಶುರು ಮಾಡಿದೆ: "ಈ ಮಹಾನುಭಾವ ಸೂರ್ಯನನ್ನೇ ತಡೆದು ನಿಲ್ಲಿಸಿದೋನು. ಆದ್ರೆ ನನ್ನ ಗಂಡ ಬಾಯಿ ಬಿಟ್ಟ ಅಂದ್ರೆ..."

"ನಿನ್ನ ಗಂಡ ಯಾಕೆ ಬಂದ ಇಲ್ಲಿಗೆ?"

ನಾಲಿಗೆ ಕಚ್ಚಿಕೊಂಡು ವಿಷಯ ಒಪ್ಪಿಸಿದೆ. ಹೆಂಡತಿ ಇದ್ದ ಕಡೆಯೆಲ್ಲ ಗಂಡನನ್ನು ಕೂರಿಸಿಕೊಂಡಿದ್ದೇನೆ ಎಂದೆ. ತೆಕ್ಲಾ ಸ್ವಲ್ಪ ಯೋಚಿಸಿ, "ಪಾಪ ಹುಡುಗ. ನನಗೆ ಹೇಳೋವಾಗ ಅವನನ್ನ ಎಬ್ಬಿಸಿ ನನ್ನನ್ನೇ ಕೂರಿಸು," ಅಂದರು.

ಕೂರಿಸಿದೆ. "ಸೂರ್ಯನ್ನ ನಿಲ್ಲಿಸಿದ ಇವನು ಬಂದ್ರೂ ನನ್ನ ಹೆಂಡತಿಯ ಬಾಯಿ ನಿಲ್ಲಿಸೋಕಾಗಲ್ಲ. ಬೆಳಿಗ್ಗೆ ಕಾಫಿಗೆ ಶುರು ಮಾಡಿದ್ರೆ ರಾತ್ರಿ ದೀಪ ಆರಿಸಿದ ಮೇಲೂ ಮಾತು, ಮಾತು, ಮಾತು."

ತೆಕ್ಲಾ ಹುಬ್ಬು ಗಂಟು ಹಾಕಿದರು. "ನಾನಾ? ಮನೇಲಿ ಮಾತಾಡ್ತಾ ಇದ್ದಿದ್ದು ಅವರು. ನಾನು 'ಹೂಂ' ಅಂತಿದ್ದೆ. ಕೆಲವು ಸಲ ಅದೂ ಇಲ್ಲ." ಪ್ರತಿಮೆಯ ಮುಖವನ್ನೊಮ್ಮೆ ನೋಡಿದರು, ಅವನೇನಾದರೂ ಉತ್ತರ ಹೇಳಬಹುದು ಅನ್ನುವ ಹಾಗೆ. "ಇದು ನನ್ನದಲ್ಲ. ಮುಂದೆ ನಡಿ."

ಚೌಕದ ಇನ್ನೊಂದು ಬದಿಯಲ್ಲಿ ಕಂಚಿನ ಕತ್ತೆಯಿದೆ. ಹಿಂದಿನ ಕಾಲದಲ್ಲಿ ತಪ್ಪು ಮಾಡಿದ ಸಿಪಾಯಿಗಳನ್ನು ಕೂರಿಸುತ್ತಿದ್ದ ಕತ್ತೆಯ ನೆನಪಿಗೆ ಇಟ್ಟದ್ದು, ಬೆನ್ನಿನ ಮೇಲೆ ಚೂಪಾದ ಪಟ್ಟಿ. ಅಲ್ಲಿನ ಮಾತು ಸ್ವಲ್ಪ ಒರಟು. ನಾನು ಬೇಗ ಬೇಗ ಹೇಳಿ ದಾಟಿಬಿಡೋಣ ಎಂದು ನೋಡಿದೆ.

"ನುಂಗ್ತಾ ಇದೀಯ," ಅಂದರು ತೆಕ್ಲಾ. ಅಷ್ಟು ವರ್ಷ ಗಿರಾಕಿಗಳ ಸುಳ್ಳು ಕೆಮ್ಮು ಕೇಳಿದ ಕಿವಿ ಅದು.

"ಸರಿ. 'ನನ್ನ ಹೆಂಡತಿ ಕೆಲಸದಿಂದ ನಿವೃತ್ತಿ ಆದ ದಿನ ಒಂದು ಗ್ಲಾಸ್ ಜಾಸ್ತಿ ಕುಡಿದು, ಒಳ್ಳೇ ಕೋಟು ಹಾಕ್ಕೊಂಡು ಈ ಕತ್ತೆ ಹತ್ತಿ ಕೂತಳು. ಇಳಿಸೋಕೆ ಇಬ್ಬರು ಪೊಲೀಸರು ಬೇಕಾಯ್ತು. ಸಿಪಾಯಿಗಳು ನೋವಿಗೆ ಅಳ್ತಿದ್ರಂತೆ, ನನ್ನ ಹೆಂಡತಿ ಕೂತ ಮೇಲೆ ಕತ್ತೆ ಅತ್ತಿತು.'"

ಹೇಳಿ ಮುಗಿಸುವಷ್ಟರಲ್ಲಿ ಆ ಚಳಿಯಲ್ಲೂ ನನ್ನ ಕಿವಿ ಬಿಸಿಯಾಗಿತ್ತು. ತೆಕ್ಲಾಗೆ ಸಿಟ್ಟು ಬರಲಿಲ್ಲ. ಕತ್ತೆಯನ್ನು ಒಂದು ಸುತ್ತು ಹಾಕಿ ನೋಡಿದರು.

"ನಾನು ಕುಡಿಯೋದೇ ಇಲ್ಲ. ನಿವೃತ್ತಿ ದಿನ ನೇರ ಮನೆಗೆ ಹೋಗಿ ಸೂಪ್ ಬಿಸಿ ಮಾಡಿದೆ. ಇದೂ ನನ್ನದಲ್ಲ." ಎರಡು ಹೆಜ್ಜೆ ಹೋಗಿ ತಿರುಗಿ ಕೇಳಿದರು, "ಅವಳು ದಪ್ಪಗಿದ್ದಳಾ?"

"ಯಾರು?"

"ಈ ಹೆಂಡತಿ."

ಏನು ಹೇಳಲಿ ನಾನು? ಎರಡು ಬೇಸಿಗೆ ಆ ಹೆಂಡತಿಯ ಜೊತೆ ದಿನವೂ ನಡೆದಿದ್ದೇನೆ. ನನ್ನ ಕಣ್ಣಿಗೆ ಅವಳು ಗುಂಡುಗುಂಡಗೆ, ಕೆಂಪು ಕೆನ್ನೆಯವಳಾಗಿ, ಬೀದಿಯ ಈ ಕೊನೆಯಿಂದ ಆ ಕೊನೆಗೆ ಕೇಳುವಂತೆ ನಗುವವಳಾಗಿ ಕಾಣುತ್ತಿದ್ದಳು. ಮೊದಲ ಸಲ ನಿಜವಾದ ತೆಕ್ಲಾರನ್ನು ಅವರ ಮನೆಯ ಬಾಗಿಲಲ್ಲಿ ಕಂಡಾಗ, ಇವರು ಜೆನೋನ್ ಅವರ ಅಕ್ಕ ಇರಬೇಕು ಅಂದುಕೊಂಡಿದ್ದೆ. ಅದನ್ನು ಹೇಳಲಿಲ್ಲ. "ಅವರು ಹಾಗೆಲ್ಲ ವಿವರಿಸ್ತಿರ್ಲಿಲ್ಲ," ಎಂದಷ್ಟೇ ಅಂದೆ.

ಬಿಸ್ಕತ್ತಿನ ಅಂಗಡಿ ಮುಂದೆ ನಿಂತೆವು. ನಮ್ಮೂರಿನ ಜೇನಿನ ಮಸಾಲೆ ಬಿಸ್ಕತ್ತಿನ ಲವಂಗದ ವಾಸನೆ ಬಾಗಿಲಿಂದಾಚೆಗೂ ಬರುತ್ತಿತ್ತು. ಇಲ್ಲಿ ಜೆನೋನ್ ಹೇಳುತ್ತಿದ್ದದ್ದು: 'ನನ್ನ ಹೆಂಡತಿ ಇದನ್ನ ಹಾಸಿಗೆಯಲ್ಲೇ ತಿಂತಾಳೆ. ರಾತ್ರಿಯಿಡೀ ಬೆನ್ನಿಗೆ ಪುಡಿ ಚುಚ್ಚುತ್ತೆ. ನಾನು ದಿನವೆಲ್ಲ ಬೀದಿ ಸುತ್ತೋದು ನಿಮ್ಮ ಮೇಲಿನ ಪ್ರೀತಿಗಲ್ಲ, ಮಲಗೋಕೆ ಜಾಗ ಇಲ್ಲ ಅಂತ.'

ತೆಕ್ಲಾ ಅಡ್ಡಡ್ಡ ತಲೆಯಾಡಿಸಿದರು. "ಲವಂಗದ ವಾಸನೆ ನನಗಾಗಲ್ಲ. ದಿನವೆಲ್ಲ ಅಂಗಡೀಲಿ ಅದರ ಎಣ್ಣೆ ಮೂಸಿ ಸಾಕಾಗಿತ್ತು. ಹಾಸಿಗೇಲಿ ತಿನ್ನೋದು ಅಂದ್ರೆ ನನಗೆ ಅಸಹ್ಯ." ಧ್ವನಿ ಈಗ ಮೊದಲಿನಷ್ಟು ಗಟ್ಟಿಯಿರಲಿಲ್ಲ. ಕೈಚೀಲವನ್ನು ಎದೆಗೆ ಒತ್ತಿಕೊಂಡಿದ್ದರು.

ಕೆಥೆಡ್ರಲ್ ಬಳಿ ಬಂದಾಗ ನನಗೇ ಹೆದರಿಕೆ. ಗಂಟೆಗೋಪುರ ತೋರಿಸಿ, "ಇಷ್ಟು ದೊಡ್ಡ ಗಂಟೆ ವರ್ಷಕ್ಕೆ ಕೆಲವೇ ದಿನ ಬಾರಿಸ್ತಾರೆ. ನಮ್ಮ ಮನೇದು ದಿನಾ ರಾತ್ರಿ ಬಾರಿಸುತ್ತೆ. ನನ್ನ ಹೆಂಡತಿ ಗೊರಕೆ ಹೊಡೆದ್ರೆ ಕಿಟಕಿ ಗಾಜು ಅದುರಿ, ಕೆಳಗಿನ ಮನೆಯೋರು ಪ್ರಾರ್ಥನೆಗೆ ಹೊರಡ್ತಾರೆ," ಎಂದು ಹೇಳಿ ಮುಗಿಸಿದೆ.

ತೆಕ್ಲಾ ತಟ್ಟನೆ ನಕ್ಕರು. ಅವರು ನಕ್ಕದ್ದನ್ನು ನಾನು ಅದೇ ಮೊದಲು ನೋಡಿದ್ದು. "ಇದು ನನ್ನದು," ಅಂದರು. "ಇದು ಮಾತ್ರ ಖಂಡಿತ ನನ್ನದೇ. ಕೆಳಗಿನ ಮನೆಯೋಳು ನಿಜವಾಗ್ಲೂ ದೂರು ಕೊಟ್ಟಿದ್ಲು." ನಗುತ್ತಲೇ ಕಣ್ಣು ಒರೆಸಿಕೊಂಡು, ಮರುಕ್ಷಣ ನನ್ನ ತೋಳು ಹಿಡಿದರು. "ನಿಜ ಹೇಳು ಮಗು. ಗೊರಕೆಯೋಳು ಮನೇಲಿ, ಕತ್ತೆ ಹತ್ತೋಳು ಇನ್ನೆಲ್ಲೋ. ಹಾಗಿತ್ತಾ?"

"ನಾನು ಎರಡು ಬೇಸಿಗೆ ಅವರ ಬೆನ್ನ ಹಿಂದೇನೇ ಇದ್ದೆ ಪಾನಿ ತೆಕ್ಲಾ. ಮಧ್ಯಾಹ್ನ ಆದ್ರೆ ಸಾಕು, ಜನರನ್ನ ಎಲ್ಲಾದ್ರೂ ಬಿಟ್ಟು ನಿಮ್ಮ ಸೂಪ್ ಕುಡಿಯೋಕೆ ಓಡ್ತಿದ್ರು. ಬೇರೆಯೋಳಿಗೆ ಟೈಮ್ ಎಲ್ಲಿತ್ತು?"

"ಅವರು ಸೂಪ್ ಕುಡಿಯೋದು ಗೊತ್ತು. ಬೇರೇನು ಅಂತ ಕೇಳ್ದೆ."

ಕುತೂಹಲ ಈಗ ನನಗೂ ಹತ್ತಿಕೊಂಡಿತ್ತು. ದಿನವೂ ನನ್ನ ಬಾಯಲ್ಲಿ ಬರುತ್ತಿದ್ದ ಈ ಹೆಂಗಸು ಯಾರು? ಯಾರದೋ ಹೆಂಡತಿಯನ್ನು ನಾನು ಗಂಡಸು ಮಾಡಿ ಊರೆಲ್ಲ ಮೆರೆಸಿದ್ದೇನಾ?

ಕೋಟೆಬಾಗಿಲು ದಾಟಿ ನದಿಯ ದಂಡೆಗೆ ಇಳಿದೆವು. ವಿಸ್ಲಾ ನದಿ ಬೂದುಬಣ್ಣವಾಗಿ ಹರಿಯುತ್ತಿತ್ತು. ಬೇಸಿಗೆಯಲ್ಲಿ ಸಂಗೀತ ಹಾಕಿಕೊಂಡು ಹೋಗುವ ದೋಣಿಗೆ ಈಗ ಟಾರ್ಪಾಲಿನ್ ಹೊದಿಸಿ ಕಟ್ಟಿದ್ದರು. ನಾನು ಅದರ ಮುಂದೆ ನಿಂತು ಹೇಳಿದೆ: "'ಆ ದೋಣಿ ಮೇಲೆ ಶನಿವಾರ ಸಂಜೆ ಡ್ಯಾನ್ಸ್ ಇರುತ್ತೆ. ನನ್ನ ಹೆಂಡತಿ ಎಷ್ಟು ಜೋರಾಗಿ ಕುಣಿದಳು ಅಂದ್ರೆ ಒಂದು ಶೂ ಹಾರಿ ನದಿಗೆ ಬಿತ್ತು. ಇನ್ನೊಂದನ್ನ ಕೈಲಿ ಹಿಡ್ಕೊಂಡು ಬೆಳಗಾಗೋವರೆಗೂ ಬರಿಗಾಲಲ್ಲಿ ಕುಣಿದಳು. ಸಮುದ್ರದ ಹತ್ರ ಯಾರಿಗಾದ್ರೂ ಒಂಟಿ ಶೂ ಸಿಕ್ರೆ ದಯವಿಟ್ಟು ಕಳಿಸಿಕೊಡಿ.'"

ತೆಕ್ಲಾ 'ನನ್ನದಲ್ಲ' ಅನ್ನಲಿಲ್ಲ. ದೋಣಿಯನ್ನೇ ನೋಡುತ್ತ ನಿಂತಿದ್ದರು.

"ಶೂ ಯಾವ ಬಣ್ಣ ಅಂತಿದ್ರು?"

ನನ್ನ ಟೂರಿನಲ್ಲಿ ಅದು ರಾದೆಕ್‌ನ ಕಪ್ಪು ಬೂಟು. ಜೆನೋನ್ ಹೇಳುತ್ತಿದ್ದದ್ದನ್ನು ನೆನಪು ಮಾಡಿಕೊಂಡೆ. "ಕಂದು. ಬೆಳ್ಳಿ ಬಣ್ಣದ ಬಕಲ್ ಇತ್ತು ಅಂತಿದ್ರು."

ಅವರು ಒದ್ದೆ ಬೆಂಚಿನ ಮೇಲೆ ಹಾಗೇ ಕೂತುಬಿಟ್ಟರು. ಕೋಟು ಹಾಳಾಗುತ್ತದೆ ಅನ್ನುವುದನ್ನೂ ನೋಡಲಿಲ್ಲ.

"ಅದು ಮನೇಲಿದೆ," ಅಂದರು. "ಎರಡೂ ಇದೆ."

"ಅಂದ್ರೆ?"

"ಒಂದು ಬೇಸಿಗೆ ಅವರೇ ತಂದಿದ್ರು. ಶನಿವಾರ ದೋಣಿ ಮೇಲೆ ಕುಣಿಯೋಕೆ ಹೋಗೋಣ, ಇದನ್ನ ಹಾಕ್ಕೋ ಅಂದ್ರು. ಔಷಧಿ ಅಂಗಡಿ ತೆಕ್ಲಾ ಕುಣಿದ್ಲು ಅಂತ ಊರೋರು ಆಡ್ಕೋತಾರೆ, ನನಗಾಗಲ್ಲ ಅಂದೆ. ಡಬ್ಬ ಬೀರು ಮೇಲಿಟ್ಟೆ. ಇನ್ನೂ ಅಲ್ಲೇ ಇದೆ, ಕಾಗದಾನೂ ತೆಗೆದಿಲ್ಲ."

ನಾನು ಪಕ್ಕದಲ್ಲಿ ಕೂತೆ. ಅವರು ಒಂದೊಂದಾಗಿ ಹಿಂದಕ್ಕೆ ಹೋಗುತ್ತಿದ್ದರು, ಬಂದ ದಾರಿಯನ್ನೇ ಮತ್ತೆ ನಡೆಯುವಂತೆ.

"ನಿವೃತ್ತಿ ದಿನ ಅಂಗಡಿ ಬಾಗಿಲಿಗೆ ಬಂದಿದ್ರು. ಕತ್ತೆ ಮೇಲೆ ಹತ್ತು, ಒಂದು ಫೋಟೋ ತೆಗೀತೀನಿ ಅಂದ್ರು. ಈ ವಯಸ್ಸಲ್ಲಾ ಅಂತ ಬೈದೆ. ಬಿಸ್ಕತ್ತು ಪ್ರತಿ ವರ್ಷ ನನ್ನ ಹೆಸರಿನ ಸಂತಳ ಹಬ್ಬಕ್ಕೆ ತರ್ತಿದ್ರು. ಹಾಸಿಗೇಲಿ ಕೂತು ತಿನ್ನೋಣ, ಒಂದಿನ ಪುಡಿಯಾದ್ರೆ ಏನಾಗುತ್ತೆ ಅಂತಿದ್ರು. ಪಕ್ಕದ ಮನೆ ಮಕ್ಕಳಿಗೆ ಕೊಟ್ಟುಬಿಡ್ತಿದ್ದೆ."

"ಮತ್ತೆ ಆ ಮಾತಿನದು? ಪ್ರತಿಮೆ ಹತ್ರದ್ದು?"

"ಏನಾದ್ರೂ ಮಾತಾಡು ತೆಕ್ಲಾ ಅಂತ ದಿನಾ ರಾತ್ರಿ ಕೇಳ್ತಿದ್ರು. ದಿನಾ." ಕೈಚೀಲದ ಗುಂಡಿಯನ್ನು ತೆಗೆದು ಹಾಕಿ, ತೆಗೆದು ಹಾಕಿ ಮಾಡುತ್ತಿದ್ದರು. "ಬೇರೆ ಯಾರೂ ಇರ್ಲಿಲ್ಲ. ನಾನು ಬೇಡ ಅಂದಿದ್ದನ್ನೆಲ್ಲ ಆಯ್ದು, ಎಲ್ಲದಕ್ಕೂ 'ಆಗ್ಲಿ' ಅನ್ನೋ ಹೆಂಡತಿ ಒಬ್ಬಳನ್ನ ಮಾಡ್ಕೊಂಡಿದ್ರು. ಅವಳ ಜೊತೆ ಇದ್ದು ಮಧ್ಯಾಹ್ನ ನನ್ನ ಹತ್ರ ಸೂಪ್ ಕುಡಿಯೋಕೆ ಬರ್ತಿದ್ರು."

ನನಗೆ ಅಳು ಬಂತು. ಜೆನೋನ್ ಮೇಲೆ ಸಿಟ್ಟೂ ಬಂತು. ಇಷ್ಟೂರ ಜನರ ಮುಂದೆ ಹೇಳಿದ್ದನ್ನು ಮನೆಯಲ್ಲಿ ಒಂದು ದಿನ ಹೇಳಬಾರದಿತ್ತೇ? ಗೊರಕೆಯೊಂದನ್ನು ಮಾತ್ರ ಇದ್ದ ಹಾಗೇ ಇಟ್ಟಿದ್ದರಲ್ಲ, ಅದನ್ನು ನೆನೆದು ಮತ್ತೂ ಅಳು ಬಂತು. ಟೂರಿನ ಆ ಹೆಂಡತಿಯ ಮೇಲೆ ನನಗೂ ಪ್ರೀತಿಯಿತ್ತು, ಅದೂ ನಿಜ.

ತೆಕ್ಲಾ ಎದ್ದು ಕೋಟಿನ ಹಿಂಭಾಗ ಕೊಡವಿಕೊಂಡರು. "ಟೂರು ಮುಗಿದಿಲ್ಲ," ಅಂದರು.

ಓರೆಗೋಪುರದ ಕೆಳಗೆ ಆ ಚಳಿಯಲ್ಲೂ ಯಾರೋ ಇದ್ದರು. ಜರ್ಮನಿಯವರಿರಬೇಕು, ಗಂಡ ಹೆಂಡತಿ, ಥರ್ಮಾಸಿನಿಂದ ಚಹಾ ಕುಡಿಯುತ್ತ ನಿಂತಿದ್ದರು. ನಾನು ಧ್ವನಿ ತಗ್ಗಿಸಿ ಹೇಳಿದೆ: "'ಇಷ್ಟು ವರ್ಷದಲ್ಲಿ ಇಲ್ಲಿ ಬೀಳದೆ ನಿಂತಿದ್ದು ಒಬ್ಬಳೇ, ನನ್ನ ತೆಕ್ಲಾ. ಪಾಪ ಮಾಡಿಲ್ಲ ಅಂತ ಅಲ್ಲ. ಅವಳನ್ನ ತಳ್ಳೋ ಧೈರ್ಯ ಗೋಪುರಕ್ಕೂ ಇರ್ಲಿಲ್ಲ. ನನಗೂ ಇಲ್ಲ.'"

"ಹೆಸರು ಹೇಳ್ತಿದ್ರಾ?"

"ಇಲ್ಲಿ ಮಾತ್ರ."

"ಆಮೇಲೆ?"

"ಜನ ನಗ್ತಿದ್ರು. ಆಮೇಲೆ ಅವರೇ ಗೋಡೆಗೆ ನಿಂತು, ಕೈ ಚಾಚಿ, ಬೀಳ್ತಿದ್ರು."

"ಯಾರು ಹಿಡೀತಿದ್ರು?"

"ಯಾರೂ ಇಲ್ಲ. ಛತ್ರಿ ಊರಿಕೊಂಡು ಸುಧಾರಿಸ್ಕೋತಿದ್ರು. ಜನ ಚಪ್ಪಾಳೆ ತಟ್ತಿದ್ರು."

ತೆಕ್ಲಾ ಗೋಡೆಯನ್ನು ಬುಡದಿಂದ ತುದಿಯವರೆಗೆ ನೋಡಿದರು. "ನಮ್ಮ ಮದುವೆಯ ವಾರವೇ ಕರೆದಿದ್ರು, ಇಲ್ಲಿಗೆ. ಆಮೇಲೂ ಎಷ್ಟೋ ಸಲ. ಜನ ನೋಡ್ತಾರೆ ಅಂತಿದ್ದೆ." ಕೈಚೀಲವನ್ನು ನನ್ನ ಕೈಗೆ ಕೊಟ್ಟು ಗೋಡೆಯ ಕಡೆ ನಡೆದರು.

"ಪಾನಿ ತೆಕ್ಲಾ, ಕಲ್ಲು ಒದ್ದೆಯಾಗಿದೆ. ಅವರಿಬ್ಬರು ಬೇರೆ ನೋಡ್ತಾ ಇದಾರೆ."

"ನೋಡ್ಲಿ."

ಹಿಮ್ಮಡಿ ಗೋಡೆಗೆ ಒತ್ತಿದರು. ಬೆನ್ನು ಒತ್ತಿದರು. ಬೂದು ಕೋಟಿನ ಎರಡೂ ತೋಳು ಮುಂದಕ್ಕೆ ಚಾಚಿದರು, ಯಾರೋ ಕುಣಿಯಲು ಕರೆದಾಗ ಚಾಚುವಂತೆ. ಥರ್ಮಾಸಿನವರು ಚಹಾ ಕುಡಿಯುವುದನ್ನು ನಿಲ್ಲಿಸಿದರು. ಒಂದು ಕ್ಷಣ ತೆಕ್ಲಾ ನಿಜವಾಗಿಯೂ ನಿಂತೇಬಿಡುತ್ತಾರೆ ಅನ್ನಿಸಿತು. ಆಮೇಲೆ ಗೋಡೆ ಎಲ್ಲರಿಗೂ ಮಾಡುವುದನ್ನೇ ಅವರಿಗೂ ಮಾಡಿತು. ಮುಗ್ಗರಿಸಿ ನೇರ ನನ್ನ ತೋಳಿಗೆ ಬಂದು ಬಿದ್ದರು. ಹಕ್ಕಿಯಷ್ಟೂ ಭಾರವಿರಲಿಲ್ಲ.

ನನ್ನ ಭುಜಕ್ಕೆ ಮುಖವಿಟ್ಟುಕೊಂಡೇ ಇದ್ದರು. ನಗುತ್ತಿದ್ದಾರೋ ಅಳುತ್ತಿದ್ದಾರೋ ತಿಳಿಯಲಿಲ್ಲ.

"ಇಷ್ಟೇನಾ?" ಅಂದರು. "ಇಷ್ಟಕ್ಕಾ ಮಗು, ನಾನು ಜೀವನವೆಲ್ಲ ಬೇಡ ಬೇಡ ಅಂತಿದ್ದಿದ್ದು?"

ಟೂರಿನಲ್ಲಿ ಇದಕ್ಕೆ ಮಾತಿರಲಿಲ್ಲ. ಅವರೇ ನೆಟ್ಟಗೆ ನಿಂತು ಟೋಪಿ ಸರಿಮಾಡಿಕೊಂಡರು. ನನ್ನ ಕೈಯಿಂದ ಹಸಿರು ಛತ್ರಿ ತೆಗೆದುಕೊಂಡು ಮತ್ತೆ ಗೋಡೆಗೆ ಹೋಗಿ ನಿಂತರು.

"ಇನ್ನೊಂದು ಸಲ," ಅಂದರು. "ಈ ಸಲ ಹಿಡೀಬೇಡ."

ನಾನು ಪಕ್ಕಕ್ಕೆ ಸರಿದು ನಿಂತೆ.